ಮದುವೆ ವಿಡಿಯೋ ಎಡಿಟರ್ ಟೇಬಲ್ ಮೇಲೆ ವಾಲ್ಟರ್ ಮರ್ಚ್ ಪುಸ್ತಕ

ಹದಿಮೂರು ವರ್ಷದಿಂದ ಶಿವಮೊಗ್ಗದಲ್ಲಿ ಮದುವೆ ವಿಡಿಯೋ ಎಡಿಟ್ ಮಾಡುತ್ತಿದ್ದೇನೆ. ಈ ಕೆಲಸದ ಬಗ್ಗೆ ಓದುವುದಕ್ಕೆ ಒಂದು ಪುಸ್ತಕ ಇರಬಹುದು ಅಂತ ಯಾವತ್ತೂ ಹೊಳೆದಿರಲಿಲ್ಲ. ಹೋದ ವರ್ಷ ಬೆಂಗಳೂರಿನ ಚರ್ಚ್ ಸ್ಟ್ರೀಟಿನಲ್ಲಿ ಹಳೇ ಪುಸ್ತಕಗಳ ಮಧ್ಯೆ ‘ಇನ್ ದ ಬ್ಲಿಂಕ್ ಆಫ್ ಆ್ಯನ್ ಐ’ ಸಿಕ್ಕಿತು. 2001ರ ಎರಡನೇ ಆವೃತ್ತಿ, ನೂರೈವತ್ತು ಪುಟವೂ ಇಲ್ಲ. ಊರಿಗೆ ಬರುವ ಬಸ್ಸು ತರೀಕೆರೆ ದಾಟುವಷ್ಟರಲ್ಲಿ ಮೊದಲ ಭಾಗ ಓದಿ ಮುಗಿಸಿದ್ದೆ.

ಬರೆದವರು ವಾಲ್ಟರ್ ಮರ್ಚ್, ಹಾಲಿವುಡ್ ಸಿನಿಮಾಗಳ ಎಡಿಟರ್, ಸದ್ದಿನ ಕೆಲಸವನ್ನೂ ಮಾಡಿದವರು. ಹೆಸರು ಗೊತ್ತಿಲ್ಲದಿದ್ದರೂ ಅವರ ಕೆಲಸ ನಿಮ್ಮ ಕಿವಿಗೆ ಬಿದ್ದಿರುತ್ತದೆ. ‘ದ ಗಾಡ್‌ಫಾದರ್’ನಲ್ಲಿ ಮೈಕಲ್ ಹೋಟೆಲಿನಲ್ಲಿ ಗುಂಡು ಹಾರಿಸುವ ಮುಂಚೆ ಒಂದು ರೈಲು ಕಿರುಚುತ್ತಾ ಹೋಗುತ್ತದಲ್ಲ, ಆ ಸದ್ದು ಇಟ್ಟವರು ಇವರೇ. ಪರದೆ ಮೇಲೆ ರೈಲೇ ಕಾಣುವುದಿಲ್ಲ. ಮೈಕಲ್ ತಲೆಯೊಳಗಿನ ಗಲಾಟೆ ಅದು. ಮರ್ಚ್ ನಿರ್ದೇಶಕ ಜಾರ್ಜ್ ಲೂಕಾಸ್ ಜೊತೆ ಚಿತ್ರಕಥೆ ಬರೆದರು, 1985ರಲ್ಲಿ ಒಂದು ಸಿನಿಮಾ ನಿರ್ದೇಶನ ಮಾಡಿದರು. ನಿರ್ದೇಶಕ ಆರ್ಸನ್ ವೆಲ್ಸ್ ಬರೆದಿಟ್ಟಿದ್ದ 58 ಪುಟದ ಟಿಪ್ಪಣಿ ಹಿಡಿದು, ಅವರ ಹಳೇ ಸಿನಿಮಾವನ್ನು 1998ರಲ್ಲಿ ಮತ್ತೆ ಜೋಡಿಸಿದರು. ‘ದಿ ಇಂಗ್ಲಿಷ್ ಪೇಷೆಂಟ್’ಗೆ 1997ರಲ್ಲಿ ಎಡಿಟಿಂಗ್ ಮತ್ತು ಸೌಂಡ್ ಎರಡಕ್ಕೂ ಆಸ್ಕರ್ ಪಡೆದರು. ನಮ್ಮಂಥ ಸಣ್ಣ ಸ್ಟುಡಿಯೋದಲ್ಲಿ ಚಿತ್ರ, ಸದ್ದು ಎರಡೂ ಒಬ್ಬನ ತಲೆ ಮೇಲೇ ಇರುತ್ತವೆ. ಅದಕ್ಕೇ ಈ ಮನುಷ್ಯ ನನಗೆ ಅಷ್ಟು ಹತ್ತಿರದವರು ಅನ್ನಿಸಿದರು.

ಪುಸ್ತಕದ ಜೀವ ಇರುವುದು ಒಂದು ಪಟ್ಟಿಯಲ್ಲಿ. ಒಳ್ಳೆಯ ಕಟ್, ಅಂದರೆ ಒಂದು ಶಾಟ್ ಬಿಟ್ಟು ಇನ್ನೊಂದಕ್ಕೆ ಹೋಗುವ ಜಾಗ, ಯಾವುದು? ಮರ್ಚ್ ಆರು ವಿಷಯಕ್ಕೆ ಅಂಕ ಕೊಡುತ್ತಾರೆ. ಭಾವನೆಗೆ ಶೇ. 51, ಕಥೆಗೆ 23, ಲಯಕ್ಕೆ 10. ಜಾಗ, ದಿಕ್ಕು ಹೊಂದುವ ಕಂಟಿನ್ಯುಟಿ ಕೊನೆಗೆ ಬರುತ್ತದೆ. ನಾನು ಇಷ್ಟು ವರ್ಷ ಇದನ್ನು ಪೂರ್ತಿ ತಲೆಕೆಳಗಾಗಿ ಮಾಡಿದ್ದೆ. ಕೈಯಲ್ಲಿರುವ ಹೂವು ಮುಂದಿನ ಶಾಟ್‌ಗೆ ಹೊಂದುತ್ತಾ ಅಂತ ನೋಡುತ್ತಿದ್ದೆ. ಧಾರೆ ಎರೆಯುವ ಅಪ್ಪನ ಮುಖ ನೋಡುತ್ತಿರಲಿಲ್ಲ.

ಕಣ್ಣು ಮಿಟುಕಿಸುವ ವಿಚಾರ ಇನ್ನೂ ಚೆನ್ನಾಗಿದೆ. ‘ದ ಕಾನ್ವರ್ಸೇಶನ್’ ಎಡಿಟ್ ಮಾಡುವಾಗ, ತಾನು ಕಟ್ ಹಾಕಬೇಕು ಅಂದುಕೊಂಡ ಜಾಗದ ಹತ್ತಿರವೇ ನಟ ಜೀನ್ ಹ್ಯಾಕ್ಮನ್ ಕಣ್ಣು ಮಿಟುಕಿಸುತ್ತಿದ್ದುದು ಮತ್ತೆ ಮತ್ತೆ ಅವರ ಗಮನಕ್ಕೆ ಬಂತಂತೆ. ಒಂದು ಯೋಚನೆ ಮುಗಿದಾಗ ರೆಪ್ಪೆ ಬೀಳುತ್ತದೆ, ಕಟ್ ಕೂಡ ಅಲ್ಲೇ ಬೀಳಬೇಕು ಅನ್ನುವುದು ಅವರ ಮಾತು. ಮನೆಗೆ ಬಂದವನೇ ಭದ್ರಾವತಿಯ ಒಂದು ಮದುವೆಯ ಫುಟೇಜ್ ತೆಗೆದು ನೋಡಿದೆ. ಧಾರೆಯ ಹೊತ್ತಿನಲ್ಲಿ ಹುಡುಗಿಯ ಅಪ್ಪ ಎಷ್ಟೋ ಹೊತ್ತು ರೆಪ್ಪೆ ಬಡಿಯದೇ ನಿಂತಿದ್ದಾರೆ. ನಾನು ಅದನ್ನು ಎರಡೇ ಸೆಕೆಂಡಿಗೆ ಕತ್ತರಿಸಿ ಡ್ರೋನ್ ಶಾಟ್ ಹಾಕಿಬಿಟ್ಟಿದ್ದೆ! ಈ ಸಲ ಅವರು ಕಣ್ಣು ಮುಚ್ಚುವ ತನಕ ಶಾಟ್ ಓಡಲು ಬಿಟ್ಟೆ. ಸಿನಿಮಾ ಹಾಡು ತೆಗೆದು, ಗಟ್ಟಿಮೇಳದ ಸದ್ದನ್ನೇ ಉಳಿಸಿದೆ. ಪೆನ್‌ಡ್ರೈವ್ ಕೊಟ್ಟ ಮಾರನೇ ದಿನ ಹುಡುಗಿಯ ತಾಯಿ ಫೋನ್ ಮಾಡಿ, ಮಾತಾಡಲಾಗದೆ ಮಗನ ಕೈಗೆ ಫೋನ್ ಕೊಟ್ಟರು.

ಇನ್ನೊಂದು ಅಧ್ಯಾಯ ನನಗೆ ಚುಚ್ಚಿತು. ಶಾಟ್ ತೆಗೆಯಲು ಎಷ್ಟು ಕಷ್ಟಪಟ್ಟರು, ಎಷ್ಟು ಖರ್ಚಾಯಿತು ಅನ್ನುವುದನ್ನು ಎಡಿಟರ್ ತಲೆಗೆ ಹಾಕಿಕೊಳ್ಳಬಾರದು ಅನ್ನುತ್ತಾರೆ. ಜಿಬ್ (ಕ್ಯಾಮೆರಾ ಮೇಲೆ ಕೆಳಗೆ ಆಡಿಸುವ ಉದ್ದ ತೋಳು) ಬಾಡಿಗೆಗೆ ತಂದಿದ್ದೇವೆ ಅನ್ನುವ ಒಂದೇ ಕಾರಣಕ್ಕೆ ನಾನು ಉಳಿಸಿದ ಶಾಟ್‌ಗಳಿಗೆ ಲೆಕ್ಕವಿಲ್ಲ.

ಹೋಲಿಕೆಗಳೂ ನಮ್ಮ ಕೈಗೆ ಸಿಗುವಂಥವು. ಜೇನುಗೂಡನ್ನು ಎರಡು ಇಂಚು ಸರಿಸಬಹುದು, ಎರಡು ಮೈಲಿ ದೂರಕ್ಕೂ ಒಯ್ಯಬಹುದು, ಎರಡು ಗಜ ಮಾತ್ರ ಸರಿಸಬಾರದು, ಹುಳ ದಾರಿ ತಪ್ಪುತ್ತವೆ. ಶಾಟ್ ಬದಲಿಸುವಾಗಲೂ ಅಷ್ಟೇ ಅಂತೆ: ತೀರಾ ಸಣ್ಣ ಬದಲಾವಣೆ ನಡೆಯುತ್ತದೆ, ಪೂರ್ತಿ ಬದಲಾವಣೆಯೂ ನಡೆಯುತ್ತದೆ, ನಡುವಿನದು ನೋಡುವವರನ್ನು ಗೊಂದಲಕ್ಕೆ ಹಾಕುತ್ತದೆ. ಮಲೆನಾಡಿನವರಿಗೆ ಇದನ್ನು ಬಿಡಿಸಿ ಹೇಳಬೇಕಾ?

ಮರ್ಚ್ ಎಡಿಟರುಗಳಲ್ಲಿ ಒಬ್ಬರಾಗಿದ್ದ ‘ಅಪಾಕಲಿಪ್ಸ್ ನೌ’ ಸಿನಿಮಾದ ಲೆಕ್ಕ ಓದಿ ಸುಮ್ನೆ ಕೂತುಬಿಟ್ಟೆ. ಹನ್ನೆರಡೂವರೆ ಲಕ್ಷ ಅಡಿ ಫಿಲ್ಮ್, 230 ಗಂಟೆಗೂ ಜಾಸ್ತಿ. ಒಬ್ಬ ಎಡಿಟರ್ ದಿನಕ್ಕೆ ಹಾಕಿದ ಕಟ್‌ಗಳಲ್ಲಿ ಕೊನೆಗೆ ಸಿನಿಮಾದಲ್ಲಿ ಉಳಿದದ್ದು ಸರಾಸರಿ 1.47. ಉಳಿದ ಹೊತ್ತೆಲ್ಲ ಹಾಕಿ, ನೋಡಿ, ತೆಗೆದಿದ್ದೇ.

ಕೊರತೆ ಇಲ್ಲ ಅಂತಲ್ಲ. ಡಿಜಿಟಲ್ ಎಡಿಟಿಂಗ್ ಕುರಿತ ಎರಡನೇ ಭಾಗಕ್ಕೆ ವಯಸ್ಸಾಗಿದೆ. ಹಾರ್ಡ್ ಡಿಸ್ಕ್, ಆ ಕಾಲದ ಯಂತ್ರಗಳ ಚರ್ಚೆ ಈಗ ಯಾರಿಗೂ ಬೇಡ. ಆದರೂ ಅಲ್ಲೇ ಒಂದು ಉಪಾಯ ಸಿಕ್ಕಿತು: ಮನುಷ್ಯರ ಆಕಾರದ ಪುಟ್ಟ ಕಾಗದದ ಗೊಂಬೆಗಳನ್ನು ಪರದೆಯ ಪಕ್ಕ ನಿಲ್ಲಿಸುವುದು. ಚಿತ್ರ ಥಿಯೇಟರಿನಲ್ಲಿ ಎಷ್ಟು ದೊಡ್ಡದಾಗಿ ಕಾಣುತ್ತದೆ ಅನ್ನುವುದು ಮರೆಯದಿರಲಿ ಅಂತ. ಸದ್ದಿನ ಬಗ್ಗೆ ಮಾತ್ರ ಇಷ್ಟು ದೊಡ್ಡ ಕೆಲಸಗಾರ ಇನ್ನೂ ಜಾಸ್ತಿ ಬರೆಯಬೇಕಿತ್ತು. ನನಗೆ ಅದೊಂದು ಆಸೆ ಹಾಗೇ ಉಳಿಯಿತು.

ಇಂಗ್ಲಿಷ್ ಸುಲಭವಾಗಿದೆ. ಪಿಯುಸಿ ಓದಿದವರು ಆರಾಮಾಗಿ ಓದಬಹುದು. ನನ್ನ ಪ್ರತಿ ಈಗ ಅಸಿಸ್ಟೆಂಟ್ ಹುಡುಗನ ಬ್ಯಾಗಿನಲ್ಲಿದೆ. ನಿನ್ನೆ ಜೇನುಗೂಡಿನ ಪುಟಕ್ಕೆ ಬಂದಿದ್ದೇನೆ ಅಂದ.