ಸಹಾಯಕ ಅಭಿಯೋಜಕರ ಹುದ್ದೆಯೋ, ವಿಶೇಷ ಅಭಿಯೋಜಕರ ನೇಮಕವೋ?

ಅಪರಾಧ ಪ್ರಕರಣಗಳಲ್ಲಿ ಸರ್ಕಾರದ ಪರ ವಾದಿಸುವ ವಕೀಲರೇ ಸರ್ಕಾರಿ ಅಭಿಯೋಜಕರು. ಪರೀಕ್ಷೆ ಬರೆದು ಸಹಾಯಕ ಸರ್ಕಾರಿ ಅಭಿಯೋಜಕರಾದವರಿಗೆ ಸಂಬಳ, ಬಡ್ತಿ, ವರ್ಗಾವಣೆಗಳು ಸೇವಾ ನಿಯಮದಂತೆ ನಡೆಯುತ್ತವೆ. ವಿಶೇಷ ಸರ್ಕಾರಿ ಅಭಿಯೋಜಕರಿಗೆ ಕನಿಷ್ಠ 10 ವರ್ಷಗಳ ವಕೀಲಿಕೆ ಬೇಕು; ನೇಮಕವೋ ಒಂದು ಪ್ರಕರಣಕ್ಕೆ ಅಥವಾ ಒಂದು ವರ್ಗದ ಪ್ರಕರಣಗಳಿಗೆ ಮಾತ್ರ.

ರಾಜಕೀಯದ ಬಿಸಿ ಹೆಚ್ಚಾಗಿ ತಟ್ಟುವುದು ಎರಡನೆಯವರಿಗೆ. ಜಯಲಲಿತಾ ಅವರ ಅಕ್ರಮ ಆಸ್ತಿ ಪ್ರಕರಣವನ್ನು ಸುಪ್ರೀಂ ಕೋರ್ಟ್ 2003ರಲ್ಲಿ ಕರ್ನಾಟಕಕ್ಕೆ ವರ್ಗಾಯಿಸಿದ ಮೇಲೆ ವಿಶೇಷ ಅಭಿಯೋಜಕರಾದ ಬಿ.ವಿ. ಆಚಾರ್ಯ ಅವರು, 2012ರಲ್ಲಿ ಮೊದಲು ಅಡ್ವೊಕೇಟ್ ಜನರಲ್ (ರಾಜ್ಯ ಸರ್ಕಾರದ ಅತ್ಯುನ್ನತ ಕಾನೂನು ಅಧಿಕಾರಿ) ಹುದ್ದೆಯನ್ನೂ ಕೆಲವು ತಿಂಗಳ ಬಳಿಕ ಈ ಹೊಣೆಯನ್ನೂ ಬಿಟ್ಟರು. ಅವರ ಬಳಿಕ ಬಂದ ಅಭಿಯೋಜಕರ ನೇಮಕ ಮೇಲ್ಮನವಿಯ ಹಂತದಲ್ಲಿ ಅಸಿಂಧುವೆಂದು ಸುಪ್ರೀಂ ಕೋರ್ಟ್ 2015ರಲ್ಲಿ ಹೇಳಿದಾಗ, ಆಚಾರ್ಯ ಅವರು ಮತ್ತೆ ಆ ಸ್ಥಾನಕ್ಕೆ ಬಂದರು. ಸ್ವಂತ ವೃತ್ತಿ ಗಟ್ಟಿಯಾಗಿ ಬೇರೂರಿರದವರಿಗೆ ನಾನು ಮೊದಲನೆಯ ದಾರಿಯನ್ನೇ ಸೂಚಿಸುತ್ತೇನೆ.