ಗುಂಪಾಗಿ ಕಟ್ಟುವ ಕಥಾಲೋಕಕ್ಕೆ ನಿಮ್ಮ ಮಾಯಾಲೋಹ ಕೊಡುವ ಮುಂಚೆ ಇದನ್ನು ಓದಿ

ಒಂದೇ ಕಾಲ್ಪನಿಕ ಜಗತ್ತನ್ನು ಇಟ್ಟುಕೊಂಡು ಹಲವರು ಸೇರಿ ಕಥೆ ಬರೆಯುವ ಗುಂಪುಗಳು ಈಗ ಜಾಸ್ತಿ ಆಗಿವೆ. ಅಂಥ ಒಂದು ಗುಂಪಿನಲ್ಲಿ ನಾನು ಕಟ್ಟಿದ ಲೋಹ, ಅದನ್ನು ನಂಬಿ ನಿಂತಿದ್ದ ಸಮಾಜ, ಎರಡೂ ಹಾಳಾದವು. ಗುಂಪಿನ ಹೆಸರು ಹೇಳುವುದಿಲ್ಲ. ಹಾಳಾದ ಬಗೆ ಮಾತ್ರ ಹೇಳುತ್ತೇನೆ. ಹೊಸದಾಗಿ ಬರೆಯುವವರು ಈಗಲೂ ಇಂಥ ಕಡೆ ಸೇರುತ್ತಿದ್ದಾರೆ.

ಆ ಲೋಹದ ಹೆಸರು ನೆನೆಗಂಚು. ಕರಗಿರುವಾಗ ಅದರ ಮುಂದೆ ಆಡಿದ ಮಾತನ್ನು ಹಿಡಿದಿಟ್ಟುಕೊಳ್ಳುತ್ತದೆ. ಆರಿದ ಮೇಲೆ ಬಡಿದರೆ ಆ ಮಾತನ್ನು ಅದೇ ದನಿಯಲ್ಲಿ ನುಡಿಯುತ್ತದೆ. ಒಂದೊಂದು ಪೆಟ್ಟಿಗೂ ದನಿ ಸ್ವಲ್ಪ ಸವೆಯುತ್ತದೆ. ಮತ್ತೆ ಕರಗಿಸಿದರೆ ಹಳೆಯ ಮಾತು ಅಳಿದುಹೋಗುತ್ತದೆ. ಅದರ ಶಕ್ತಿ ಇಷ್ಟೇ.

ಇಷ್ಟರಿಂದಲೇ ಒಂದು ಸಮಾಜ ಬೆಳೆಯಿತು. ಅಲ್ಲಿ ಕಾಗದಪತ್ರ ಇಲ್ಲ. ಸಾಲ, ಮದುವೆ, ಹೊಲದ ಗಡಿ ಎಲ್ಲವೂ ಎರಕದಲ್ಲಿ. ಹಾಗಾಗಿ ಎರಕ ಹೊಯ್ಯುವವರೇ ಊರಿನ ಸಾಕ್ಷಿಗಳು. ಅವರು ಬಾಯಿ ಬಿಟ್ಟರೆ ಅದೂ ಕಂಚಿಗೆ ಸೇರುತ್ತದೆ. ಅದಕ್ಕೇ ಕುಲುಮೆಯಲ್ಲಿ ಕೈಸನ್ನೆ ಮಾತ್ರ. ಅದಿರು ಸಿಗುವುದು ಒಂದೇ ಬೆಟ್ಟಸಾಲಿನಲ್ಲಿ. ಹೊಸ ಕಂಚು ಕೊಳ್ಳಲಾಗದ ಬಡವರು ಅಜ್ಜನ ದನಿ ಇರುವ ಬಿಲ್ಲೆಯನ್ನು ಕರಗಿಸಿ ಮಗಳ ಮದುವೆಯ ಮಾತು ಹೊಯ್ಯಿಸಬೇಕು. ಉಳ್ಳವರಿಗೆ ಬೇರೆ ದಾರಿ ಇದೆ. ನ್ಯಾಯದ ಕಟ್ಟೆಯಲ್ಲಿ 'ಇನ್ನೊಮ್ಮೆ ಬಡಿಯಿರಿ, ಸರಿಯಾಗಿ ಕೇಳಿಸಲಿಲ್ಲ' ಅನ್ನುತ್ತಾ ಎದುರಾಳಿಯ ಸಾಕ್ಷಿಯನ್ನೇ ಸವೆಸಿಬಿಡುತ್ತಾರೆ. ಈ ಜನರ ಮೇಲೆ ನನಗೆ ಈಗಲೂ ತುಂಬಾ ಪ್ರೀತಿ.

ನಿಜವಾದ ಲೋಹಗಳ ಚರಿತ್ರೆ ಓದಿಯೇ ಇದನ್ನು ಕಟ್ಟಿದ್ದೆ. ಕಂಚಿಗೆ ತಾಮ್ರದ ಜೊತೆ ತವರ ಬೇಕು, ಸುಮಾರು ಹತ್ತರಲ್ಲಿ ಒಂದು ಪಾಲು. ಆದರೆ ತವರ ಎಲ್ಲ ಕಡೆ ಸಿಗುವುದಿಲ್ಲ. ಟರ್ಕಿಯ ಉಲುಬುರುನ್ ಬಳಿ 1982ರಲ್ಲಿ ಪತ್ತೆಯಾದ, ಮೂರು ಸಾವಿರ ವರ್ಷಕ್ಕೂ ಹಳೆಯ ಮುಳುಗಿದ ಹಡಗಿನಲ್ಲಿ ಸುಮಾರು 10 ಟನ್ ತಾಮ್ರ, 1 ಟನ್ ತವರ ಇತ್ತು. ಹೆಚ್ಚುಕಡಿಮೆ ಅದೇ ಲೆಕ್ಕ ನೋಡಿ! ಆ ಕೊರತೆಯೇ ದೂರದೂರದ ರಾಜ್ಯಗಳನ್ನು ವ್ಯಾಪಾರದಲ್ಲಿ ಬೆಸೆದಿತ್ತು. ಇಂದಿನ ಬೊಲಿವಿಯಾದ ಪೊಟೊಸಿಯಲ್ಲಿ 1545ರಲ್ಲಿ ಬೆಳ್ಳಿ ಸಿಕ್ಕಿತು. ಸ್ಪೇನ್ ಶ್ರೀಮಂತವಾಯಿತು, ಬಲವಂತವಾಗಿ ಗಣಿಗೆ ಇಳಿಸಿದ ಅಲ್ಲಿನ ಮೂಲನಿವಾಸಿಗಳು ಸತ್ತರು. ಅಲ್ಯೂಮಿನಿಯಂ ಒಂದು ಕಾಲಕ್ಕೆ ಅರಮನೆಯ ಲೋಹ. 1886ರಲ್ಲಿ ವಿದ್ಯುತ್ತಿನಿಂದ ಅದನ್ನು ಬೇರ್ಪಡಿಸುವ ದಾರಿ ಸಿಕ್ಕ ಮೇಲೆ ಬೆಲೆ ಕುಸಿದು ಅಡುಗೆಮನೆಗೆ ಬಂತು. ಎಲ್ಲಿ ಸಿಗುತ್ತದೆ, ಯಾರು ಅಗೆಯುತ್ತಾರೆ, ಏನು ಸುಟ್ಟು ಕರಗಿಸುತ್ತಾರೆ ಅನ್ನುವುದೇ ಲೋಹಕ್ಕೆ ಸಮಾಜದಲ್ಲಿ ಜಾಗ ಕೊಡುವುದು. ಮಾಯೆ ಇದ್ದರೂ ಅಷ್ಟೇ.

ಗುಂಪಿಗೆ ಸೇರುವಾಗಲೇ ನೆನೆಗಂಚಿನ ಮಿತಿಗಳನ್ನು ಬರೆದು ಕೊಟ್ಟಿದ್ದೆ. ಗುಂಪು ನಡೆಸುವವರು 'ತುಂಬಾ ಚೆನ್ನಾಗಿದೆ, ಆದರೆ ನಿಯಮಗಳನ್ನು ಆಮೇಲೆ ನೋಡೋಣ, ಮೊದಲು ಕಥೆಗಳು ಬರಲಿ' ಅಂದರು. ಈ ಮಾತು ಎಲ್ಲೇ ಕೇಳಿದರೂ ಹುಷಾರಾಗಿ.

ಮೊದಲು ಒಬ್ಬರು ನೆನೆಗಂಚಿನಿಂದ ಬಾಣ ತೂರದ ಕವಚ ಮಾಡಿದರು. ಆಮೇಲೆ ಅದು ಗಾಯ ಮಾಯಿಸತೊಡಗಿತು. ಅದನ್ನೂ ತಡೆದುಕೊಳ್ಳಬಹುದಿತ್ತು. ಮಂತ್ರ ಹೇಳಿದರೆ ಯಾವ ಮಣ್ಣೂ ಅದಿರಾಗುತ್ತದೆ ಎಂಬ ಕಥೆ ಒಪ್ಪಿಗೆಯಾದ ದಿನ ಮಾತ್ರ ಎಲ್ಲ ಮುಗಿಯಿತು. ಅದಿರು ಎಲ್ಲೆಲ್ಲೂ ಸಿಕ್ಕರೆ ಬಡವರು ಅಜ್ಜನ ಬಿಲ್ಲೆ ಯಾಕೆ ಕರಗಿಸಬೇಕು? ಬೆಟ್ಟದವರ ಜೊತೆ ಜಗಳ ಯಾಕೆ? ಎರಕದವರಿಗೆ ಬೆಲೆ ಎಲ್ಲಿ? ನಾನು ಕೇಳಿದೆ. 'ಓದುಗರಿಗೆ ಇಷ್ಟ ಆಗ್ತಿದೆ ಅಲ್ವಾ' ಎಂಬ ಉತ್ತರ ಬಂತು.

ಇನ್ನೂ ನೋವಾಗಿದ್ದು ನನ್ನದೇ ಕಥೆಯಲ್ಲಿ. ಒಬ್ಬ ವಿಧವೆಯ ಬಳಿ ಗಂಡನ ಹೊಲದ ಮಾತಿರುವ ಬಿಲ್ಲೆ ಇದೆ. ಇನ್ನು ಒಂದೇ ಪೆಟ್ಟು ತಡೆಯುವಷ್ಟು ಸವೆದಿದೆ. ನ್ಯಾಯದ ಕಟ್ಟೆಯಲ್ಲಿ ಬಡಿದರೆ ಹೊಲ ಸಿಗುತ್ತದೆ. ತಂದೆಯ ದನಿಯನ್ನೇ ಕೇಳದ ಮಗನಿಗೆ ಅದು ಎಂದೂ ಕೇಳಿಸದು. ಪ್ರಕಟವಾದಾಗ ನೋಡಿದರೆ, ಮಂತ್ರದಿಂದ ಬಿಲ್ಲೆ ಹೊಸದಾಯಿತು ಎಂಬ ಸಾಲು ಸೇರಿತ್ತು. ನನ್ನನ್ನು ಒಂದು ಮಾತೂ ಕೇಳಿರಲಿಲ್ಲ. ಕೆಳಗೆ ನನ್ನ ಹೆಸರು ಹಾಗೇ ಇತ್ತು.

ಹೊರಗೆ ಬಂದು ನೆನೆಗಂಚನ್ನು ಬಳಸಬೇಡಿ ಎಂದು ಬರೆದೆ. ಅದು ಈಗ ಎಲ್ಲರ ಸ್ವತ್ತು ಅಂದರು. ನಂತರ ಅದೇ ಲೋಹ, ಅದೇ ಕೈಸನ್ನೆಯ ಕುಲುಮೆ ಅವರ ಇಸ್ಪೀಟಿನಂಥ ಒಂದು ಆಟದಲ್ಲಿ ಬಂದವು. ಅಲ್ಲಿ ನನ್ನ ಹೆಸರೇ ಇಲ್ಲ.

ಕಾನೂನಿನ ಬಲ ಇಲ್ಲಿ ಕಡಿಮೆ. ಕೃತಿಸ್ವಾಮ್ಯ, ಪೇಟೆಂಟ್ ಇಂಥ ಹಕ್ಕುಗಳ ಬಗ್ಗೆ ಬಹುತೇಕ ದೇಶಗಳು ಒಪ್ಪಿರುವ ಟ್ರಿಪ್ಸ್ ಎಂಬ ಅಂತರರಾಷ್ಟ್ರೀಯ ಒಪ್ಪಂದದ 9ನೇ ವಿಧಿಯೇ ಹೇಳುತ್ತದೆ: ಕೃತಿಸ್ವಾಮ್ಯ ಇರುವುದು ಬರೆದ ರೂಪಕ್ಕೆ, ಬರೀ ಕಲ್ಪನೆಗೆ ಅಲ್ಲ. ನೀವು ಬರೆದ ಕಥೆಯನ್ನು ಹಾಗೇ ಎತ್ತಿಕೊಂಡರೆ ಕೇಳಬಹುದು. ಮಾತು ನೆನಪಿಡುವ ಲೋಹ ಎಂಬ ಯೋಚನೆಯನ್ನಷ್ಟೇ ಎತ್ತಿಕೊಂಡರೆ ಕೇಳುವುದು ಕಷ್ಟ. ಹಾಗಾಗಿ ಮನಸ್ಸಿಗೆ ಹತ್ತಿರವಾದ ಲೋಹವನ್ನು ಚರ್ಚೆಯಲ್ಲಿ ಸುಮ್ನೆ ಬಿಚ್ಚಿಡಬೇಡಿ. ಮೊದಲು ಅದರ ಕಥೆ ಬರೆದು, ನಿಮ್ಮ ಹೆಸರು, ತಾರೀಕು ಇರುವಂತೆ ಎಲ್ಲಾದರೂ ಪ್ರಕಟಿಸಿ.

ಗುಂಪಿಗೆ ಸೇರಲೇಬೇಕು ಅನಿಸಿದರೆ, ಒಬ್ಬರು ಹಾಕಿದ ಮಿತಿಯನ್ನು ಇನ್ನೊಬ್ಬರು ಮುರಿಯಲು ಯಾರ ಒಪ್ಪಿಗೆ ಬೇಕು ಎಂದು ಕೇಳಿ. ನಿಮ್ಮ ಕಥೆಯನ್ನು ತಿದ್ದುವ ಮುಂಚೆ ತೋರಿಸುತ್ತಾರಾ, ಹೊರಗೆ ಹೋಗುವಾಗ ನೀವು ಕಟ್ಟಿದ್ದು ಯಾರ ಬಳಿ ಉಳಿಯುತ್ತದೆ, ಆಟವೋ ಚಿತ್ರವೋ ಆದರೆ ಹೆಸರು ಹಾಕುತ್ತಾರಾ, ಇದನ್ನೂ ಕೇಳಿ. ಉತ್ತರ ಬರಹದಲ್ಲಿ ಬರುವವರೆಗೆ ಒಂದು ಸಾಲನ್ನೂ ಕಳಿಸಬೇಡಿ.