ಪಲೆರ್ಮೋ ಅಂಗಡಿಗಳ ‘ಹಫ್ತಾ ಕೊಡಲ್ಲ’ ಸ್ಟಿಕ್ಕರ್: ಎಷ್ಟು ನಂಬಬಹುದು?

ಇಟಲಿಯ ಸಿಸಿಲಿ ದ್ವೀಪದ ಪಲೆರ್ಮೋಗೆ ಹೊರಟವರು, ಹಫ್ತಾ ಕೊಡದ ಅಂಗಡಿಗಳ ಪಟ್ಟಿಯನ್ನು ಫೋನಿನಲ್ಲಿ ಇಟ್ಟುಕೊಳ್ಳಿ. ಅದು ಅಡ್ಡಿಯೋಪಿಟ್ಸೊ ಸಂಘಟನೆಯದು. ‘ಪಿಟ್ಸೊ’ ಅಂದರೆ ಮಾಫಿಯಾದವರು ವಸೂಲಿ ಮಾಡುವ ಹಫ್ತಾ. ಸಿಸಿಲಿಯವರ ಮಾತಿನಲ್ಲಿ ಅದು ಹಕ್ಕಿಯ ಕೊಕ್ಕು. ‘ಕೊಕ್ಕು ಒದ್ದೆಯಾಗಲಿ’ ಅಂದರೆ ಮಾಮೂಲಿ ತಲುಪಿಸು ಅಂತ. ಅದನ್ನು ಕೊಡಲ್ಲ ಎಂದು ಬಹಿರಂಗವಾಗಿ ಹೇಳಿದ ಸಾವಿರಕ್ಕೂ ಹೆಚ್ಚು ವ್ಯಾಪಾರಿಗಳು ಸಂಘಟನೆಯ ಜೊತೆ ನಿಂತಿದ್ದಾರೆ. ಅಂಗಡಿಯ ಗಾಜಿನ ಮೇಲೆ ‘ಪಾಗೊ ಕಿ ನೊನ್ ಪಾಗಾ’ ಸ್ಟಿಕ್ಕರ್ ಇರುತ್ತದೆ: ಕೊಡದವರಿಗೇ ನನ್ನ ದುಡ್ಡು.

ಸ್ಟಿಕ್ಕರಿನ ಬೆಲೆ ತಿಳಿಯಬೇಕಾದರೆ ಅಲ್ಲಿನ ಬೀಗ ನೋಡಬೇಕು. ಬೆಳಿಗ್ಗೆ ಶಟರ್ ಎತ್ತಲು ಬಂದರೆ ಬೀಗದ ಕೈ ಒಳಗೆ ಹೋಗುವುದಿಲ್ಲ. ರಾತ್ರಿ ಯಾರೋ ಕಿಂಡಿಗೆ ಸೂಪರ್ ಗ್ಲೂ ಹಾಕಿದ್ದಾರೆ. ಚೀಟಿಯಿಲ್ಲ, ಬೆದರಿಕೆಯಿಲ್ಲ. ಆಮೇಲೆ ಯಾರೋ ಪರಿಚಯದವನು ಬಂದು ‘ಸರಿಮಾಡಿಕೊಳ್ಳಿ’ ಅನ್ನುತ್ತಾನೆ. ಕೆಲವರಿಗೆ ತಿಂಗಳ ಲೆಕ್ಕ, ಕೆಲವರಿಗೆ ಕ್ರಿಸ್‌ಮಸ್, ಈಸ್ಟರ್ ಲೆಕ್ಕ. ಜೈಲಿನಲ್ಲಿರುವವರ ಸಂಸಾರಕ್ಕೆ ಅಂತ ನೆಪ. ದುಡ್ಡೇ ಆಗಬೇಕೆಂದೂ ಇಲ್ಲ. ಅವರು ಹೇಳಿದ ಕಡೆಯಿಂದಲೇ ಸಾಮಾನು ತರಿಸು, ಅವರ ಹುಡುಗನನ್ನು ಕೆಲಸಕ್ಕಿಟ್ಟುಕೋ. ಮೊತ್ತ ಸಣ್ಣದಾಗಿಡುವುದೇ ಅವರ ಜಾಣತನ: ಎಲ್ಲರೂ ಕೊಟ್ಟರೆ ಸಾಕು, ಯಾರಿಗೂ ದೂರು ಕೊಡುವಷ್ಟು ನೋಯಬಾರದು.

ಬಟ್ಟೆ ಕಾರ್ಖಾನೆ ನಡೆಸುತ್ತಿದ್ದ ಲಿಬೆರೊ ಗ್ರಾಸ್ಸಿ 1991ರ ಜನವರಿಯಲ್ಲಿ ಪತ್ರಿಕೆಯಲ್ಲಿ ಬಹಿರಂಗ ಪತ್ರ ಬರೆದು ಕೊಡಲ್ಲ ಅಂದರು. ಆಗಸ್ಟ್ 29ರಂದು ಅವರನ್ನು ಗುಂಡಿಟ್ಟು ಕೊಂದರು. ಒಬ್ಬರೇ ನಿಂತರೆ ಆಗುವುದು ಇದು. 2004ರಲ್ಲಿ ಹುಟ್ಟಿದ ಈ ಸಂಘಟನೆಯ ಉಪಾಯವೆಂದರೆ ಕೊಡದವರನ್ನು ಗುಂಪಾಗಿ ತೋರಿಸಿ, ಗಿರಾಕಿಗಳನ್ನೂ ಅವರ ಬೆನ್ನಿಗೆ ನಿಲ್ಲಿಸುವುದು. ವಿಯಾ ಮಾಕ್ವೆಡಾ ಬೀದಿಯ ಬಾಂಗ್ಲಾದೇಶಿ ಅಂಗಡಿಯವರು 2016ರಲ್ಲಿ ಇವರ ಬೆಂಬಲದಿಂದಲೇ ಸುಲಿಗೆಗಾರರ ವಿರುದ್ಧ ದೂರು ಕೊಟ್ಟರು. 1999ರ 44ನೇ ಕಾನೂನಿನಡಿ ದೂರು ಕೊಟ್ಟವರಿಗೆ ನಷ್ಟ ಪರಿಹಾರವೂ ಉಂಟು.

ಇವರದೇ ಪ್ರವಾಸ ವಿಭಾಗದ ನಡಿಗೆಗೆ ಸುಮಾರು 3 ಗಂಟೆ ಹಿಡಿಯುತ್ತದೆ. ಮಾಸ್ಸಿಮೊ ರಂಗಮಂದಿರ, ಕಾಪೊ ಮಾರುಕಟ್ಟೆ, ಕೋರ್ಟಿನ ಪಕ್ಕದ ಸ್ಮಾರಕ ಚೌಕ ಎಲ್ಲಾ ಬರುತ್ತವೆ. ಬೆಳಗಿನದನ್ನೇ ಹಿಡಿಯಿರಿ, ಮಧ್ಯಾಹ್ನ ಕಳೆದರೆ ಮಾರುಕಟ್ಟೆ ಖಾಲಿ ಹೊಡೆಯುತ್ತದೆ. ಮೀನಂಗಡಿಗಳ ನೀರು ಕಲ್ಲುಹಾಸಿನ ಮೇಲೇ ಹರಿಯುತ್ತದೆ, ನುಣುಪು ಅಟ್ಟೆಯ ಚಪ್ಪಲಿ ಬೇಡ.

ಕೊರತೆಗಳೂ ಇವೆ. ಸ್ಟಿಕ್ಕರ್ ಹಳೆಯದಿರಬಹುದು, ಮಾಲೀಕರು ಬದಲಾಗಿರಬಹುದು. ಜಾಲತಾಣದ ನಕ್ಷೆಯಲ್ಲಿ ಹೆಸರು ಇದೆಯೇ ನೋಡಿ. ಸ್ಟಿಕ್ಕರ್ ಇಲ್ಲದವರೆಲ್ಲ ಹಫ್ತಾ ಕೊಡುವವರು ಅಂತಲೂ ಅಲ್ಲ. ಸುಲಿಗೆ ವಿರುದ್ಧ ಭಾಷಣ ಬಿಗಿಯುವವರನ್ನಂತೂ ಬೇರೆಯೇ ತೂಗಬೇಕು: ಹಾಗೆ ಮಾತಾಡುತ್ತಿದ್ದ ಪಲೆರ್ಮೋ ವಾಣಿಜ್ಯ ಮಂಡಳಿಯ ಅಧ್ಯಕ್ಷರೇ 2015ರ ಮಾರ್ಚ್‌ನಲ್ಲಿ ಸಿಹಿತಿಂಡಿ ವ್ಯಾಪಾರಿಯೊಬ್ಬರಿಂದ ಲಂಚ ತೆಗೆದುಕೊಂಡು ಸಿಕ್ಕಿಬಿದ್ದರು.

ರುಚಿಗೆ ಈ ಪಟ್ಟಿ ಜವಾಬ್ದಾರಿಯಲ್ಲ. ಸಸ್ಯಾಹಾರಿಗಳು ‘ಪನೆಲ್ಲೆ’ ಕೇಳಿ. ಕಡಲೆಹಿಟ್ಟು ಬೇಯಿಸಿ, ಹಾಸಿ, ಕತ್ತರಿಸಿ ಎಣ್ಣೆಯಲ್ಲಿ ಕರಿದದ್ದು, ಬನ್ನಿನಲ್ಲಿಟ್ಟು ಕೊಡುತ್ತಾರೆ. ಬೆಣ್ಣೆಯ ‘ಅರಾಂಚಿನಾ’ (ಕರಿದ ಅನ್ನದ ಉಂಡೆ) ಹೆಸರು ಕೇಳಿ ಮೋಸಹೋಗಬೇಡಿ, ಒಳಗೆ ಸಾಮಾನ್ಯವಾಗಿ ಹಂದಿಮಾಂಸ ಇರುತ್ತದೆ.